ಬದಲಾಗದ ಕಂತು, ಬೆಳೆದ ಸಾಲ: 40 ಲಕ್ಷದ ಗೃಹಸಾಲವೊಂದರ ಪ್ರಕರಣ ಅಧ್ಯಯನ

ತಿಂಗಳಿಗೆ ₹31,012. 2021ರ ಮೇ 1ರಿಂದ 2024ರ ಜನವರಿ 1ರವರೆಗೆ 33 ಸಲ, ಒಂದು ರೂಪಾಯಿ ಹೆಚ್ಚುಕಡಿಮೆ ಇಲ್ಲದೆ ಖಾತೆಯಿಂದ ಕಡಿತವಾಗಿದೆ. ಒಟ್ಟು ಕಟ್ಟಿದ್ದು ₹10,23,396. ಅಸಲಿನಲ್ಲಿ ತೀರಿದ್ದು ₹1,52,301. ಉಳಿದ ₹8,71,095 ಬಡ್ಡಿಗೆ ಹೋಗಿದೆ. 20 ವರ್ಷಕ್ಕೆಂದು ತೆಗೆದ ಸಾಲಕ್ಕೆ ಎರಡೂಮುಕ್ಕಾಲು ವರ್ಷ ಕಟ್ಟಿದ ಮೇಲೆ ಇನ್ನೂ 42 ವರ್ಷಕ್ಕೂ ಹೆಚ್ಚು ಬಾಕಿ ಎಂದು ಲೆಕ್ಕ ಹೇಳುತ್ತಿದೆ.

ಎಲ್ಲೂ ಮೋಸ ನಡೆದಿಲ್ಲ, ಒಂದು ಕಂತೂ ತಪ್ಪಿಲ್ಲ. ಹಾಗಾದರೆ ಆಗಿದ್ದೇನು ಎಂಬುದೇ ಈ ಅಧ್ಯಯನದ ವಿಷಯ. ಇಲ್ಲಿನ ಕುಟುಂಬ ಮತ್ತು ಬ್ಯಾಂಕು ಲೆಕ್ಕಕ್ಕಾಗಿ ಕಟ್ಟಿದ ಮಾದರಿ. ರೆಪೊ ದರದ (ಬ್ಯಾಂಕುಗಳಿಗೆ ಆರ್‌ಬಿಐ ಸಾಲ ಕೊಡುವ ದರ) ಏರಿಳಿತ ಮತ್ತು ನಿಯಮಗಳು ಮಾತ್ರ ಆರ್‌ಬಿಐ ಆಯಾ ದಿನ ಜಾರಿ ಮಾಡಿದವೇ.

ಸಾಲ ತೆಗೆದ ದಿನ

ಮೈಸೂರಿನಲ್ಲಿ 30×40 ಸೈಟಿನ ಮೇಲೆ ಕಟ್ಟಿ ಮುಗಿಸಿದ ಮನೆ, ಬೆಲೆ 50 ಲಕ್ಷ. ಯಜಮಾನರಿಗೆ 36 ವರ್ಷ, ಕೈಗೆ ಬರುವ ಸಂಬಳ ₹72,000, ನಿವೃತ್ತಿ 60ಕ್ಕೆ. ಪತ್ನಿ ಸಹ-ಸಾಲಗಾರ್ತಿ, ಪ್ರತ್ಯೇಕ ಆದಾಯವಿಲ್ಲ. 30 ಲಕ್ಷ ಮೀರಿದ, 75 ಲಕ್ಷದೊಳಗಿನ ಗೃಹಸಾಲಕ್ಕೆ ಮನೆ ಬೆಲೆಯ ಶೇ 80ರವರೆಗೆ ಕೊಡಬಹುದು. ಹಾಗಾಗಿ ಸಾಲ 40 ಲಕ್ಷ, ಅವಧಿ 240 ತಿಂಗಳು. ದರ: ರೆಪೊ ಶೇ 4 ಮತ್ತು ಅದರ ಮೇಲೆ ಬ್ಯಾಂಕಿನ ಸ್ಪ್ರೆಡ್ ಶೇ 3, ಒಟ್ಟು ಶೇ 7. ಹಣ ಬಿಡುಗಡೆ 2021ರ ಏಪ್ರಿಲ್ 1.

ಮುದ್ರಾಂಕ ಶುಲ್ಕ ಶೇ 5, ಅದರ ಮೇಲೆ ಸೆಸ್ಸು ಮತ್ತು ಸರ್ಚಾರ್ಜ್ ಸೇರಿ ಶೇ 5.6, ಆಗಿನ ನೋಂದಣಿ ಶುಲ್ಕ ಶೇ 1. ಒಟ್ಟು ₹3,30,000, ಎಲ್ಲವೂ ಕೈಯಿಂದಲೇ. (ಕರ್ನಾಟಕದಲ್ಲಿ 2025ರ ಆಗಸ್ಟ್ 31ರಿಂದ ನೋಂದಣಿ ಶುಲ್ಕ ಶೇ 2 ಆಗಿದೆ. ಇದೇ ಮನೆಯನ್ನು ಇಂದು ಕೊಂಡರೆ ಇನ್ನೂ ₹50,000 ಬೇಕು.) ಪ್ರೊಸೆಸಿಂಗ್ ಶುಲ್ಕ ಜಿಎಸ್‌ಟಿ ಸೇರಿ ₹16,520.

ಒಂದು ಐಟಂ ಮಾತ್ರ ಯಾರ ಕಣ್ಣಿಗೂ ಬೀಳಲಿಲ್ಲ. ಸಾಲದ ಜೊತೆಗೇ ಒಂದೇ ಕಂತಿನ ಜೀವವಿಮೆ, ಪ್ರೀಮಿಯಂ ₹1,20,000. ಅದನ್ನು ಕೈಯಿಂದ ಕೇಳಲಿಲ್ಲ, 40 ಲಕ್ಷದೊಳಗೇ ಸೇರಿಸಿದರು. ‘ತಿಂಗಳಿಗೆ 930 ರೂಪಾಯಿ ಅಷ್ಟೇ’ ಎಂದರೆ ಯಾರು ತಾನೇ ಬೇಡ ಎಂದಾರು? 240 ತಿಂಗಳು ಕಟ್ಟಿದರೆ ಅದೇ ಪ್ರೀಮಿಯಂ ₹2,23,286. ಇದರ ಇನ್ನೊಂದು ತೊಡಕು ಮುಂದೆ ಬರುತ್ತದೆ.

ಮಂಜೂರಾತಿ ಪತ್ರದ ಪಟ್ಟಿಯ ಪ್ರಕಾರ 20 ವರ್ಷಕ್ಕೆ ಕಟ್ಟಬೇಕಾದ ಒಟ್ಟು ಮೊತ್ತ ₹74,42,880, ಅದರಲ್ಲಿ ಬಡ್ಡಿ ₹34,42,880. ಮನೆಮಂದಿ ಮನಸ್ಸಿನಲ್ಲಿ ಇಟ್ಟುಕೊಂಡ ಲೆಕ್ಕ ಇದೇ. ದರ 20 ವರ್ಷ ಶೇ 7ರಲ್ಲೇ ನಿಂತರೆ ಮಾತ್ರ ಈ ಲೆಕ್ಕ ಸರಿ ಎಂಬುದು ಪತ್ರದಲ್ಲೇ ಇತ್ತು, ಸಣ್ಣ ಅಕ್ಷರದಲ್ಲಿ.

ಹತ್ತು ತಿಂಗಳಲ್ಲಿ ಆರು ಏರಿಕೆ

2022ರ ಮೇ 4ರಿಂದ 2023ರ ಫೆಬ್ರವರಿ 8ರೊಳಗೆ ಆರ್‌ಬಿಐ ರೆಪೊ ದರವನ್ನು ಶೇ 4ರಿಂದ ಶೇ 6.50ಕ್ಕೆ ಏರಿಸಿತು: 0.40, ಆಮೇಲೆ ಮೂರು ಸಲ 0.50, ನಂತರ 0.35, ಕೊನೆಗೆ 0.25. 2019ರ ಅಕ್ಟೋಬರ್ 1ರ ನಂತರ ಬ್ಯಾಂಕುಗಳು ಕೊಟ್ಟ ಚರ ದರದ ಗೃಹಸಾಲಗಳೆಲ್ಲ ಇಂಥ ಬಾಹ್ಯ ಮಾನದಂಡಕ್ಕೆ ಕಟ್ಟಿಕೊಂಡಿವೆ, ಕನಿಷ್ಠ ಮೂರು ತಿಂಗಳಿಗೊಮ್ಮೆ ದರ ಮರುನಿಗದಿಯಾಗಬೇಕು. ಈ ಸಾಲದಲ್ಲಿ ಮರುನಿಗದಿ ಪ್ರತಿ ತ್ರೈಮಾಸಿಕದ ಮೊದಲ ದಿನ. ಬ್ಯಾಂಕು ಪ್ರತಿಸಲವೂ ಕಂತನ್ನು ಹಾಗೇ ಬಿಟ್ಟು ಅವಧಿಯನ್ನು ಎಳೆಯಿತು.

| ದಿನಾಂಕ | ದರ (ಶೇ) | ಬಾಕಿ ಅಸಲು (₹) | ಆ ತಿಂಗಳ ಬಡ್ಡಿ (₹) | ಅಸಲಿಗೆ (₹) | ಉಳಿದ ಕಂತು |
|---|---|---|---|---|---|
| 1 ಏಪ್ರಿಲ್ 2021 | 7.00 | 40,00,000 | 23,333 | 7,679 | 240 |
| 1 ಜುಲೈ 2022 | 7.90 | 38,79,996 | 25,543 | 5,469 | 265 |
| 1 ಅಕ್ಟೋಬರ್ 2022 | 8.90 | 38,63,482 | 28,654 | 2,358 | 349 |
| 1 ಜನವರಿ 2023 | 9.25 | 38,56,355 | 29,726 | 1,286 | 415 |
| 1 ಏಪ್ರಿಲ್ 2023 | 9.50 | 38,52,468 | 30,499 | 513 | 520 |

ಕೊನೆಯ ಸಾಲನ್ನು ನಿಧಾನವಾಗಿ ಓದಬೇಕು. ₹31,012 ಕಟ್ಟಿದರೆ ಅಸಲಿಗೆ ಹೋಗಿದ್ದು ₹513. ಆನೆ ಹೊಟ್ಟೆಗೆ ಅರೆಕಾಸಿನ ಮಜ್ಜಿಗೆ. ಅಲ್ಲಿಂದ ಮುಂದಿನ ಒಂಬತ್ತು ತಿಂಗಳು ಕಟ್ಟಿದ ₹2,79,108ರಲ್ಲಿ ಅಸಲು ಕರಗಿದ್ದು ₹4,769 ಮಾತ್ರ.

ದರ ಏರಿದ್ದು ಎರಡೂವರೆ, ಅವಧಿ ಮಾತ್ರ ಎರಡು ಪಟ್ಟಿಗೂ ಹೆಚ್ಚು ಏಕೆ? ಕಂತಿನಲ್ಲಿ ಬಡ್ಡಿಯ ಪಾಲು ಮೊದಲು ಕತ್ತರಿಸಿಹೋಗುತ್ತದೆ, ಅಸಲಿಗೆ ಸಿಗುವುದು ಮಿಕ್ಕಿದ್ದು. ಸಾಲದ ಆರಂಭದಲ್ಲಿ ಆ ಮಿಕ್ಕಿದ್ದೇ ಕಂತಿನ ಕಾಲುಭಾಗ. ಬಡ್ಡಿ ಮೂರನೇ ಒಂದರಷ್ಟು ಹೆಚ್ಚಾದರೆ ಆ ಕಾಲುಭಾಗ ಪೂರ್ತಿ ನುಂಗಿಹೋಗುತ್ತದೆ. ಹಾಗಾಗಿ 2022ರ ಜುಲೈಯ ಮೊದಲ 0.90 ಏರಿಕೆ 40 ತಿಂಗಳು (225 ಉಳಿಯಬೇಕಿದ್ದಲ್ಲಿ 265) ಎಳೆದರೆ, 2023ರ ಏಪ್ರಿಲ್‌ನ ಬರೀ 0.25 ಏರಿಕೆ ನೂರಕ್ಕೂ ಹೆಚ್ಚು ತಿಂಗಳು ಎಳೆಯಿತು. ಇನ್ನೊಂದು 0.16 ಏರಿದ್ದರೆ, ಅಂದರೆ ದರ ಶೇ 9.66 ಮುಟ್ಟಿದ್ದರೆ, ಕಂತು ಬಡ್ಡಿಗೇ ಸಾಲದೆ ಅಸಲು ಬೆಳೆಯಲು ಶುರುವಾಗುತ್ತಿತ್ತು. ಹಳೆಯ ಸಾಲಗಾರರಿಗೆ ಇಷ್ಟು ಪೆಟ್ಟು ಬೀಳಲಿಲ್ಲ. ಅವರ ಕಂತಿನಲ್ಲಿ ಅಸಲಿನ ಪಾಲು ಅಷ್ಟರಲ್ಲಿ ದಪ್ಪವಾಗಿತ್ತು. ಕಡಿಮೆ ದರ ಇದೆಯೆಂದು 2020-21ರಲ್ಲಿ ದೀರ್ಘಾವಧಿಗೆ ಸಾಲ ತೆಗೆದವರೇ ಹೆಚ್ಚು ಸಿಕ್ಕಿಕೊಂಡರು.

520 ಕಂತು ಎಂದರೆ 2066ರ ಆಗಸ್ಟ್. ಸಾಲಗಾರರಿಗೆ ಆಗ 81. ಯಾವ ಬ್ಯಾಂಕೂ ಅಲ್ಲಿಯವರೆಗೆ ಕಾಯುವುದಿಲ್ಲ. ನಿವೃತ್ತಿಯೊಳಗೆ, ಅಂದರೆ 2045ರೊಳಗೆ, ಮುಗಿಸಲೇಬೇಕಾದ್ದರಿಂದ ಒಂದು ದಿನ ಕಂತು ದಿಢೀರನೆ ಜಿಗಿಯುವುದು ಖಚಿತ. ತಡವಾದಷ್ಟೂ ಜಿಗಿತ ದೊಡ್ಡದು. ಮೊದಲ ಮರುನಿಗದಿಯ ದಿನವೇ, 2022ರ ಜುಲೈಯಲ್ಲಿ, ಕಂತನ್ನು ₹33,107ಕ್ಕೆ ಏರಿಸಿದ್ದರೆ ಆವತ್ತಿನ ಮಟ್ಟಿಗೆ ಸಾಲ 2041ಕ್ಕೇ ಮುಗಿಯುವ ದಾರಿಯಲ್ಲಿ ಉಳಿಯುತ್ತಿತ್ತು. ವ್ಯತ್ಯಾಸ ತಿಂಗಳಿಗೆ ₹2,095.

ದರ ಏರಿದ ಸುದ್ದಿ ಪತ್ರಿಕೆಯಲ್ಲಿ ಬಂದು, ತಮ್ಮ ಕಂತು ಮಾತ್ರ ಏರದಿದ್ದರೆ ‘ಸದ್ಯ, ನಮಗೇನೂ ಆಗಲಿಲ್ಲ’ ಎಂದು ನೆಮ್ಮದಿಪಡುವುದು ಸಹಜ. ಚರ ದರದ ಸಾಲದಲ್ಲಿ ಆತಂಕಪಡಬೇಕಾದ್ದು ಆಗಲೇ.

ಮನೆಯಲ್ಲೇ ಪರೀಕ್ಷೆ

ಇದಕ್ಕೆ ಬ್ಯಾಂಕಿಗೆ ಹೋಗಬೇಕಿಲ್ಲ. ಬಾಕಿ ಅಸಲನ್ನು ವಾರ್ಷಿಕ ದರದಿಂದ ಗುಣಿಸಿ 1,200ರಿಂದ ಭಾಗಿಸಿದರೆ ಈ ತಿಂಗಳ ಬಡ್ಡಿ ಸಿಗುತ್ತದೆ. ಕಂತಿನಿಂದ ಅದನ್ನು ಕಳೆದರೆ ಅಸಲಿಗೆ ಹೋಗುವುದು. ಆ ಶೇಷ ಕಂತಿನ ಹತ್ತನೇ ಒಂದು ಭಾಗಕ್ಕಿಂತ ಕಡಿಮೆ ಇದ್ದರೆ ಇಲ್ಲಿನಂಥ ದರಗಳಲ್ಲಿ ಅವಧಿ ಸುಮಾರು 25 ವರ್ಷ ಅಥವಾ ಅದಕ್ಕೂ ಹೆಚ್ಚು ಉಳಿದಿದೆ ಎಂದೇ ತಿಳಿಯಬೇಕು. ನಿಖರವಾಗಿ ಬೇಕಿದ್ದರೆ ಎಕ್ಸೆಲ್‌ನ ಎನ್‌ಪಿಇಆರ್ ಸೂತ್ರಕ್ಕೆ ತಿಂಗಳ ದರ, ಋಣ ಚಿಹ್ನೆಯೊಂದಿಗೆ ಕಂತು, ಬಾಕಿ ಅಸಲು, ಈ ಮೂರನ್ನು ಅದೇ ಕ್ರಮದಲ್ಲಿ ಕೊಟ್ಟರೆ ಉಳಿದ ಕಂತುಗಳ ಸಂಖ್ಯೆ ಬರುತ್ತದೆ.

2023ರ ಆಗಸ್ಟ್ 18ರ ಆರ್‌ಬಿಐ ಸುತ್ತೋಲೆ ಬಂದ ಮೇಲೆ ಬ್ಯಾಂಕೇ ಇದನ್ನು ಹೇಳಬೇಕು. ಈವರೆಗೆ ವಸೂಲಾದ ಅಸಲು ಮತ್ತು ಬಡ್ಡಿ, ಕಂತಿನ ಮೊತ್ತ, ಉಳಿದ ಕಂತು, ವಾರ್ಷಿಕ ದರ ಇರುವ ಹೇಳಿಕೆ ಪ್ರತಿ ತ್ರೈಮಾಸಿಕಕ್ಕೂ ಸಾಲಗಾರನಿಗೆ ಸಿಗಬೇಕು. ದರ ಮರುನಿಗದಿಯಾದಾಗ ಕಂತು ಏರಿಸುವುದೋ, ಅವಧಿ ಎಳೆಯುವುದೋ, ಎರಡನ್ನೂ ಬೆರೆಸುವುದೋ, ಒಂದಿಷ್ಟು ಮುಂಗಡ ಕಟ್ಟುವುದೋ ಎಂಬ ಆಯ್ಕೆ ಸಾಲಗಾರನದು. ಸ್ಥಿರ ದರಕ್ಕೆ ಬದಲಾಗುವ ಅವಕಾಶವನ್ನೂ ಬ್ಯಾಂಕಿನ ನೀತಿಗೆ ಅನುಗುಣವಾಗಿ ಕೊಡಬೇಕಿತ್ತು, 2025ರ ಅಕ್ಟೋಬರ್‌ನಿಂದ ಅದು ಬ್ಯಾಂಕಿನ ಇಚ್ಛೆಗೆ ಬಿಟ್ಟದ್ದು. ಹಳೆಯ ಸಾಲಗಳಿಗೂ 2023ರ ಡಿಸೆಂಬರ್ 31ರೊಳಗೆ ಇದು ಅನ್ವಯವಾಗಬೇಕಿತ್ತು. ಈ ಕುಟುಂಬ ಎಚ್ಚೆತ್ತದ್ದು ಆ ಡಿಸೆಂಬರ್‌ನಲ್ಲಿ.

ಜನವರಿ 2024: ಮೂರು ತೀರ್ಮಾನ

ಬಾಕಿ ₹38,47,699, ದರ ಶೇ 9.50. ಮೂಲ ಪಟ್ಟಿಯಂತೆ 2041ರ ಏಪ್ರಿಲ್‌ಗೇ ಮುಗಿಸಬೇಕೆಂದರೆ ಉಳಿದದ್ದು 207 ತಿಂಗಳು, ಕಂತು ₹37,862. ಇನ್ನು ಮುಂದಿನ ಬಡ್ಡಿಯೇ ₹39.90 ಲಕ್ಷ. ಕಂತು ಏರಿಸಿದ್ದು ಸರಿ, ಆದರೆ ಬರೀ ಅದಕ್ಕೆ ನಿಂತಿದ್ದರೆ ದೊಡ್ಡ ಗಂಟು ಕೈತಪ್ಪುತ್ತಿತ್ತು.

ಏಕೆಂದರೆ ನಿಜವಾದ ಸೋರಿಕೆ ಸ್ಪ್ರೆಡ್‌ನಲ್ಲಿತ್ತು. ಅದೇ ಬ್ಯಾಂಕು ಅದೇ ತಿಂಗಳು ಹೊಸ ಗ್ರಾಹಕರಿಗೆ ರೆಪೊ ಮೇಲೆ ಶೇ 2ಕ್ಕೆ ಸಾಲ ಕೊಡುತ್ತಿದೆ, ಹಳಬರು ಮಾತ್ರ ಶೇ 3 ಕೊಡುತ್ತಲೇ ಇದ್ದಾರೆ. ಹಳೆಯ ಗ್ರಾಹಕರಿಗೆ ತಾನಾಗಿ ಯಾರೂ ಇಳಿಸುವುದಿಲ್ಲ, ಅರ್ಜಿ ಕೊಡಬೇಕು. ಪರಿವರ್ತನೆ ಶುಲ್ಕ ಜಿಎಸ್‌ಟಿ ಸೇರಿ ₹5,900. ಜನವರಿ 1ರಿಂದ ದರ ಶೇ 8.50. ಬೇರೆ ಬ್ಯಾಂಕಿಗೆ ಸಾಲ ವರ್ಗಾಯಿಸಿದರೂ ಇದೇ ದರ ಸಿಗುತ್ತಿತ್ತು. ಆದರೆ ಹೊಸದಾಗಿ ಪ್ರೊಸೆಸಿಂಗ್ ಶುಲ್ಕ, ಕಾನೂನು ಅಭಿಪ್ರಾಯ, ಮೌಲ್ಯಮಾಪನ, ಹಕ್ಕುಪತ್ರ ಠೇವಣಿಯ ಮುದ್ರಾಂಕ ಎಲ್ಲ ಮತ್ತೊಮ್ಮೆ. ವರ್ಗಾವಣೆಯ ಮಾತನ್ನು ಚೌಕಾಸಿಗೆ ಬಳಸಿ, ಇದ್ದಲ್ಲೇ ಪರಿವರ್ತನೆ ಮಾಡಿಸಿಕೊಳ್ಳುವುದು ಬಹುತೇಕ ಸಂದರ್ಭಗಳಲ್ಲಿ ಅಗ್ಗ.

ಹೊಸ ದರಕ್ಕೆ 207 ತಿಂಗಳ ಕಂತು ₹35,487 ಸಾಕಿತ್ತು. ಬ್ಯಾಂಕಿನ ಗುಮಾಸ್ತರು ಅದನ್ನೇ ಬರೆದುಕೊಂಡರು. ಕುಟುಂಬ ₹37,862ರಲ್ಲೇ ಇರಲಿ ಎಂದಿತು. ಫಲ: ಕಂತು 207ರಿಂದ 181ಕ್ಕೆ ಇಳಿಯಿತು, ಮುಂದಿನ ಬಡ್ಡಿ ₹39.90 ಲಕ್ಷದಿಂದ ಸುಮಾರು ₹29.78 ಲಕ್ಷಕ್ಕೆ ಬಂತು. ₹5,900ರ ಒಂದು ಅರ್ಜಿ, ಹತ್ತು ಲಕ್ಷದ ಉಳಿತಾಯ.

ಮೂರನೆಯದು ಮುಂಗಡ ಪಾವತಿ. ₹5.30 ಲಕ್ಷದ ನಿಶ್ಚಿತ ಠೇವಣಿ ಶೇ 7ಕ್ಕೆ ಇತ್ತು. ಶೇ 20.8 ತೆರಿಗೆ ಕಳೆದರೆ ಕೈಗೆ ಉಳಿಯುವುದು ಶೇ 5.54. ಅತ್ತ ಸಾಲಕ್ಕೆ ಶೇ 8.50 ಕೊಡುತ್ತ ಇತ್ತ ಶೇ 5.54 ಗಳಿಸುವುದರಲ್ಲಿ ಅರ್ಥವಿಲ್ಲ. ಆರು ಕಂತಿಗೆ ಸಾಕಾಗುವ ₹2.30 ಲಕ್ಷ ಉಳಿಸಿಕೊಂಡು ₹3 ಲಕ್ಷವನ್ನು ಅಸಲಿಗೆ ಕಟ್ಟಿದರು. ಉಳಿದ ಕಂತು 155ಕ್ಕೆ ಇಳಿಯಿತು. 26 ತಿಂಗಳು ಮಾಯ, ತಪ್ಪಿದ ಬಡ್ಡಿ ಸುಮಾರು ₹6.8 ಲಕ್ಷ. ವ್ಯಕ್ತಿಗಳ ಚರ ದರದ ಗೃಹಸಾಲಕ್ಕೆ ಮುಂಗಡ ಪಾವತಿ ಶುಲ್ಕವನ್ನು ಬ್ಯಾಂಕುಗಳು ವಿಧಿಸುವಂತಿಲ್ಲ, 2012ರಿಂದಲೇ.

ಎಡವಿದ ಎರಡು ಕಡೆ

ಮುಂಗಡದ ಹಣ ಖಾತೆಗೆ ಬಿದ್ದ ಕೂಡಲೆ ಬ್ಯಾಂಕಿನ ತಂತ್ರಾಂಶ ಅವಧಿಯನ್ನು ಹಾಗೇ ಇಟ್ಟು ಕಂತನ್ನು ಇಳಿಸಿಬಿಟ್ಟಿತು. ಆ್ಯಪ್‌ನಲ್ಲಿ ಕಟ್ಟುವಾಗ ಆಯ್ಕೆ ಕೇಳಿರಲಿಲ್ಲ. ‘ಕಂತು ಇಳಿಸಬೇಡಿ, ಅವಧಿ ಇಳಿಸಿ’ ಎಂದು ಸಾಲದ ಖಾತೆ ಸಂಖ್ಯೆ, ಮೊತ್ತ, ದಿನಾಂಕದ ಸಹಿತ ಬರೆದುಕೊಟ್ಟು, ಸ್ವೀಕೃತಿ ಮೊಹರು ಹಾಕಿಸಿಕೊಂಡ ಮೇಲೆಯೇ ಸರಿಯಾಯಿತು. ಅದೇ ಪತ್ರದಲ್ಲಿ ‘ಮುಂದೆ ದರ ಇಳಿದಾಗಲೂ ಕಂತು ಇದೇ ಇರಲಿ’ ಎಂಬ ಒಂದು ಸಾಲು ಸೇರಿಸಿದ್ದು 2025ರಲ್ಲಿ ಕೆಲಸಕ್ಕೆ ಬಂತು.

ಇನ್ನೊಂದು ಸಣ್ಣದು, ಆದರೆ ಕಿರಿಕಿರಿಯದು. ಕಂತು ಕಡಿತಕ್ಕೆ 2021ರಲ್ಲಿ ಸಹಿ ಹಾಕಿದ ನ್ಯಾಚ್ ಆದೇಶದಲ್ಲಿ ಗರಿಷ್ಠ ಮಿತಿ ₹35,000 ಎಂದಿತ್ತು. ಫೆಬ್ರವರಿ 1ರಂದು ₹37,862ರ ಬೇಡಿಕೆ ಹೋಯಿತು, ಖಾತೆಯಲ್ಲಿ ಹಣವಿದ್ದೂ ಕಂತು ತಿರಸ್ಕೃತವಾಯಿತು. ₹500 ದಂಡ ಕಟ್ಟಿ, ನಾಲ್ಕನೇ ದಿನ ಕೈಯಾರೆ ತುಂಬಿ, ಹೊಸ ಆದೇಶಕ್ಕೆ ₹50,000 ಮಿತಿ ಬರೆದುಕೊಟ್ಟರು. ಕಂತು ಏರಿಸುವ ಮುನ್ನ ನೋಡಬೇಕಾದ ಮೊದಲ ಕಾಗದ ಇದು.

ವಿಮೆಯ ರಂಧ್ರ

ಸಾಲದ ಜೊತೆಗೆ ಕೊಟ್ಟ ವಿಮೆಯ ರಕ್ಷಣೆ ವರ್ಷವರ್ಷಕ್ಕೂ ಇಳಿಯುವಂಥದ್ದು. ಇಳಿಯುವುದು ಮಂಜೂರಾದ ದಿನದ ಪಟ್ಟಿಯಂತೆ, ನಿಜವಾದ ಬಾಕಿಯಂತೆ ಅಲ್ಲ. ಆ ಪಟ್ಟಿಯ ಪ್ರಕಾರ 2024ರ ಜನವರಿಗೆ ಬಾಕಿ ₹37.21 ಲಕ್ಷ ಇರಬೇಕಿತ್ತು, ಇದ್ದದ್ದು ₹38.48 ಲಕ್ಷ. ಆ ದಿನ ಅನಾಹುತವಾಗಿದ್ದರೆ ಸಾಲ ಪೂರ್ತಿ ತೀರದೆ ₹1.26 ಲಕ್ಷ ಪತ್ನಿಯ ತಲೆಗೆ ಬರುತ್ತಿತ್ತು. ಅವಧಿ 240 ತಿಂಗಳು ಮೀರಿ ಎಳೆದಿದ್ದರೆ ಕೊನೆಯ ವರ್ಷಗಳಿಗೆ ರಕ್ಷಣೆಯೇ ಇಲ್ಲ. ₹3 ಲಕ್ಷ ಮುಂಗಡ ಕಟ್ಟಿದ ಮೇಲೆ ಈ ಕಂದಕ ಮುಚ್ಚಿತು, ಅದು ಬೇರೆ ಮಾತು. ಬ್ಯಾಂಕಿನ ವಿಮೆಯನ್ನೇ ಕೊಳ್ಳಬೇಕೆಂಬ ಕಡ್ಡಾಯವಿಲ್ಲ. ಕಡಿಮೆಯಾಗದ ಮೊತ್ತದ ಸಾದಾ ಟರ್ಮ್ ವಿಮೆಯನ್ನು ವರ್ಷದ ಪ್ರೀಮಿಯಂನಲ್ಲಿ ಪ್ರತ್ಯೇಕ ತೆಗೆದುಕೊಂಡರೆ ಸಾಲ ಬೇಗ ತೀರಿಸಿದರೂ, ಬ್ಯಾಂಕು ಬದಲಿಸಿದರೂ ಅದು ಜೊತೆಗಿರುತ್ತದೆ.

ತೆರಿಗೆಯ ಹಳೇ ಮಾತು

‘ಗೃಹಸಾಲ ಬೇಗ ತೀರಿಸಬೇಡಿ, ತೆರಿಗೆ ಉಳಿಯುತ್ತೆ’ ಎನ್ನುವವರು ಪ್ರತಿ ಕಚೇರಿಯಲ್ಲೂ ಒಬ್ಬರಿರುತ್ತಾರೆ. 1961ರ ಆದಾಯ ತೆರಿಗೆ ಕಾಯ್ದೆಯ ಸೆಕ್ಷನ್ 24(ಬಿ) ಪ್ರಕಾರ ವಾಸದ ಮನೆಗೆ ಸಿಗುವ ಬಡ್ಡಿ ಕಡಿತದ ಮಿತಿ ವರ್ಷಕ್ಕೆ ₹2 ಲಕ್ಷ. ಈ ಸಾಲದಲ್ಲಿ ಮೊದಲ ವರ್ಷವೇ ಬಡ್ಡಿ ₹2.77 ಲಕ್ಷ, 2023ರಲ್ಲಿ ವರ್ಷಕ್ಕೆ ₹3.65 ಲಕ್ಷದ ಲೆಕ್ಕದಲ್ಲಿ ಓಡಿತು. ಶೇ 20.8ರ ಲೆಕ್ಕದಲ್ಲಿ ಉಳಿದ ತೆರಿಗೆ ಎರಡೂ ಸಲ ₹41,600. ಮಿತಿ ಮೀರಿದ ಬಡ್ಡಿಗೆ ಚಿಕ್ಕಾಸೂ ಇಲ್ಲ. ಮುಂಗಡ ಕಟ್ಟಿದ ಮೇಲೂ ವರ್ಷದ ಬಡ್ಡಿ ₹2 ಲಕ್ಷಕ್ಕಿಂತ ಮೇಲೇ ಇದ್ದುದರಿಂದ ₹3 ಲಕ್ಷ ಕಟ್ಟಿದ್ದಕ್ಕೆ ಕಳೆದುಕೊಂಡ ತೆರಿಗೆ ಲಾಭ ಸೊನ್ನೆ. ಹೊಸ ತೆರಿಗೆ ಪದ್ಧತಿಯಲ್ಲಂತೂ ವಾಸದ ಮನೆಯ ಬಡ್ಡಿಗೆ ಕಡಿತವೇ ಇಲ್ಲ. 2025-26ರಿಂದ ಸಂಬಳ ₹12.75 ಲಕ್ಷದೊಳಗಿದ್ದರೆ ಆ ಪದ್ಧತಿಯಲ್ಲಿ ಕಟ್ಟಬೇಕಾದ ತೆರಿಗೆಯೂ ಇಲ್ಲ. ಉಳಿಸಲು ತೆರಿಗೆಯೇ ಇಲ್ಲದಾಗ ಬಡ್ಡಿ ಕಟ್ಟಿ ಏನನ್ನು ಉಳಿಸುವುದು?

ದೊಡ್ಡ ಅಂಕಿಗೆ ಬೆಚ್ಚಬೇಕೆ

40 ಲಕ್ಷಕ್ಕೆ 74 ಲಕ್ಷ ಕಟ್ಟಬೇಕು ಎಂಬ ಲೆಕ್ಕ ಹೆದರಿಸಲು ಚೆನ್ನಾಗಿದೆ, ಆದರೆ ಅದೂ ಪೂರ್ತಿ ಸತ್ಯವಲ್ಲ. ಹಣದುಬ್ಬರ ವರ್ಷಕ್ಕೆ ಶೇ 5 ಎಂದಿಟ್ಟುಕೊಂಡರೆ 2041ರಲ್ಲಿ ಕಟ್ಟುವ ₹31,012ಕ್ಕೆ 2021ರ ಬೆಲೆಯಲ್ಲಿ ಇರುವ ತೂಕ ₹11,700ರಷ್ಟೇ. ಹಾಗಾಗಿ ‘3 ಲಕ್ಷಕ್ಕೆ 6.8 ಲಕ್ಷ ಉಳಿಯಿತು’ ಎಂಬುದನ್ನೂ ಹಾಗೇ ನುಂಗಬಾರದು. ಆ 26 ಕಂತುಗಳು ಸಾಲದ ಬಾಲದಲ್ಲಿದ್ದವು, ಹತ್ತು ವರ್ಷಕ್ಕೂ ಆಚೆ. ಪ್ರಾಮಾಣಿಕವಾದ ಅಳತೆ ಒಂದೇ: ಮುಂಗಡ ಪಾವತಿ ಎಂದರೆ ಸಾಲದ ದರದಷ್ಟೇ ಪ್ರತಿಫಲ ಕೊಡುವ, ತೆರಿಗೆಯಿಲ್ಲದ, ನಷ್ಟಭಯವಿಲ್ಲದ ಠೇವಣಿ. ಶೇ 8.50ರಲ್ಲಿ ಅದನ್ನು ಮೀರಿಸುವುದು ಕಷ್ಟವಿತ್ತು. 2026ರ ಜನವರಿಯಲ್ಲಿ ದರ ಶೇ 7.25ಕ್ಕೆ ಇಳಿದ ಮೇಲೆ ಅದೇ ತೀರ್ಮಾನ ಅಷ್ಟು ಸಲೀಸಲ್ಲ. ಸಾರ್ವಜನಿಕ ಭವಿಷ್ಯ ನಿಧಿ (ಪಿಪಿಎಫ್) ಆಗ ಕೊಡುತ್ತಿದ್ದ ಶೇ 7.1 ಕೂಡ ತೆರಿಗೆರಹಿತ.

ಇಳಿಕೆಯ ಕಾಲ

2025ರ ಫೆಬ್ರವರಿಯಿಂದ ರೆಪೊ ಇಳಿಯತೊಡಗಿತು: 6.25, ಏಪ್ರಿಲ್‌ನಲ್ಲಿ 6.00, ಜೂನ್‌ನಲ್ಲಿ 5.50, ಡಿಸೆಂಬರ್‌ನಲ್ಲಿ 5.25. ಈ ಸಾಲದ ದರ ಏಪ್ರಿಲ್ 1ಕ್ಕೆ ಶೇ 8.25, ಜುಲೈ 1ಕ್ಕೆ 7.50, 2026ರ ಜನವರಿ 1ಕ್ಕೆ 7.25. (ಗೃಹ ಹಣಕಾಸು ಕಂಪನಿಗಳ ಸಾಲ ರೆಪೊಗೆ ಕಟ್ಟಿಕೊಂಡಿರಬೇಕೆಂದಿಲ್ಲ. ಅವು ತಮ್ಮದೇ ಮೂಲ ದರ ಇಟ್ಟುಕೊಳ್ಳಬಹುದು, ಅಲ್ಲಿ ಇಳಿಕೆ ಬಂತೇ ಎಂದು ತಾವೇ ಕೇಳಬೇಕು.) ಹಳೆಯ ಪತ್ರದ ಆ ಒಂದು ಸಾಲಿನಿಂದಾಗಿ ಕಂತು ₹37,862ರಲ್ಲೇ ನಿಂತಿತು.

2026ರ ಜನವರಿ 1ಕ್ಕೆ ಬಾಕಿ ₹31,97,112, ಉಳಿದ ಕಂತು 119. ಆ ತಿಂಗಳ ಬಡ್ಡಿ ₹19,316, ಅಸಲಿಗೆ ₹18,546. ದರ ಇಲ್ಲಿಂದಾಚೆ ಹೀಗೇ ಇದ್ದರೆ ಸಾಲ ಮುಗಿಯುವುದು 2035ರ ಕೊನೆಗೆ, ಸಾಲಗಾರರಿಗೆ 50 ದಾಟಿದ ಸ್ವಲ್ಪ ದಿನಕ್ಕೆ. ಮೊದಲಿಂದ ಕೊನೆಯವರೆಗಿನ ಒಟ್ಟು ಬಡ್ಡಿ ಸುಮಾರು ₹27.2 ಲಕ್ಷ. 2021ರ ಪಟ್ಟಿಯಲ್ಲಿದ್ದ 34.43 ಲಕ್ಷಕ್ಕಿಂತ ಇದು ಕಡಿಮೆ, ನಡುವೆ ದರ ಶೇ 9.50 ಮುಟ್ಟಿ ಬಂದಿದ್ದರೂ. ಕೈಯಿಂದ ಹಾಕಿದ 11.2 ಲಕ್ಷ, ನೋಂದಣಿ ಖರ್ಚು, ಶುಲ್ಕಗಳು, ಅಸಲು, ಬಡ್ಡಿ ಎಲ್ಲ ಕೂಡಿದರೆ 50 ಲಕ್ಷದ ಮನೆಗೆ ಬೀಳುವುದು ಸುಮಾರು 82 ಲಕ್ಷ.

ಕೊನೆಯ ಕಂತಿನ ನಂತರವೂ ಒಂದು ಕೆಲಸ ಇದೆ. ಹಕ್ಕುಪತ್ರ ಠೇವಣಿ ಇಟ್ಟದ್ದು ಋಣಭಾರ ಪ್ರಮಾಣಪತ್ರದಲ್ಲಿ ಕಾಣುತ್ತಲೇ ಇರುತ್ತದೆ. ಬ್ಯಾಂಕಿನವರು ಉಪನೋಂದಣಾಧಿಕಾರಿ ಕಚೇರಿಗೆ ಬಂದು ಬಿಡುಗಡೆ ಪತ್ರ ನೋಂದಾಯಿಸಬೇಕು, ಸೆರ್ಸೈ (ಅಡಮಾನಗಳ ಕೇಂದ್ರೀಯ ನೋಂದಣಿ) ದಾಖಲೆಯಲ್ಲೂ ಋಣ ತೀರಿದ್ದನ್ನು ನಮೂದಿಸಬೇಕು. ಮೂಲ ಪತ್ರಗಳನ್ನು 2021ರಲ್ಲಿ ಒಪ್ಪಿಸಿದಾಗ ಕೊಟ್ಟ ಮೊಹರು ಹಾಕಿದ ಪಟ್ಟಿಯೊಂದಿಗೆ ತಾಳೆ ನೋಡಿ ಒಂದೊಂದಾಗಿ ಎಣಿಸಿಕೊಳ್ಳಬೇಕು. ಸಾಲ ತೀರಿದ 30 ದಿನದೊಳಗೆ ಅವು ಕೈಸೇರದಿದ್ದು, ತಡಕ್ಕೆ ಬ್ಯಾಂಕೇ ಕಾರಣವಾದರೆ ದಿನಕ್ಕೆ ₹5,000ದಂತೆ ಪರಿಹಾರ ಸಿಗಬೇಕು. ಈ ನಿಯಮ 2023ರ ಡಿಸೆಂಬರ್ 1ರಿಂದ ಜಾರಿಯಲ್ಲಿದೆ.